ಮಾವನವರ ಹೀಲಿಯೋಸ್ ಮೊದಲು, ಹೊಸ ಲೆನ್ಸ್ ಆಮೇಲೆ

ಪ್ರಶ್ನೆ: ಸರ್, ನಾನು ಕುಮಟಾದವಳು. ನನ್ನ ಹತ್ತಿರ ಸೋನಿ ಎ6400 ಮತ್ತು ಅದರ ಜೊತೆ ಬಂದ 16-50 ಕಿಟ್ ಲೆನ್ಸ್ ಇದೆ. ಯಕ್ಷಗಾನದ ಫೋಟೋ ತೆಗೆಯೋದು ಇಷ್ಟ. ಆದರೆ ರಾತ್ರಿ ಆಟದಲ್ಲಿ ಐಎಸ್‌ಒ 6400ಕ್ಕೆ ಹೋಗಿ ಚಿತ್ರ ಪೂರಾ ಕಾಳುಕಾಳಾಗುತ್ತೆ. ಮೂರು ವರ್ಷದ ಮಗನ ಫೋಟೋ ತೆಗೆದರೆ ಹಿಂದಿನ ಗೋಡೆ, ಬಟ್ಟೆ ಒಣಹಾಕಿದ ಹಗ್ಗ ಎಲ್ಲ ಸ್ಪಷ್ಟವಾಗಿ ಬರುತ್ತೆ. ಆನ್‌ಲೈನ್‌ನಲ್ಲಿ ಎಂಟು ಸಾವಿರದ ಆಸುಪಾಸಿಗೆ 35 ಎಂಎಂ ಎಫ್ 1.4 ಮ್ಯಾನುಯಲ್ ಲೆನ್ಸ್ ನೋಡಿದೆ. ತಗೋಬಹುದಾ? ಮಾವನವರ ಹಳೇ ಝೆನಿಟ್-ಇ ಕ್ಯಾಮೆರಾ ಕೂಡ ಕಪಾಟಿನಲ್ಲಿದೆ, ಅದರ ಲೆನ್ಸ್ ನನ್ನ ಕ್ಯಾಮೆರಾಗೆ ಕೂರುತ್ತಾ? ಗೆಳತಿಯೊಬ್ಬಳ ಮ್ಯಾನುಯಲ್ ಲೆನ್ಸ್ ಒಮ್ಮೆ ಹಾಕಿ ನೋಡಿದ್ದೆ. ಲೆನ್ಸ್ ಗುರುತಾಗ್ತಿಲ್ಲ ಅಂತ ಹೇಳಿ ಕ್ಯಾಮೆರಾ ಫೋಟೋನೇ ತೆಗೀಲಿಲ್ಲ.

ಉತ್ತರ: ಎಂಟು ಸಾವಿರ ಸದ್ಯಕ್ಕೆ ಪರ್ಸಿನಲ್ಲೇ ಇರಲಿ. ನಿಮಗೆ ಬೇಕಾದ ಅರ್ಧ ಸಾಮಾನು ಮನೆಯಲ್ಲೇ ಇದೆ. ಮೊದಲು ಹಳೇ ಲೆನ್ಸನ್ನು ನಿಮ್ಮ ಕ್ಯಾಮೆರಾಗೆ ಕೂರಿಸುವ ಒಂದು ಅಡಾಪ್ಟರ್ ತರಿಸಿ, ಮಾವನವರ ಲೆನ್ಸ್ ಹಾಕಿ ಕೆಲವು ವಾರ ಕೈ ಪಳಗಿಸಿ. ಕೈಯಲ್ಲಿ ಫೋಕಸ್ ಮಾಡುವುದು ನಿಮಗೆ ಒಗ್ಗುತ್ತದೋ ಇಲ್ಲವೋ ಅಂತ ಆಗ ಗೊತ್ತಾಗುತ್ತದೆ. ಒಗ್ಗಿದರೆ 35 ಎಂಎಂ ತಗೊಳ್ಳಿ. ಒಗ್ಗದಿದ್ದರೆ ಹೋಗುವುದು ಅಡಾಪ್ಟರಿನ ದುಡ್ಡು ಮಾತ್ರ.

ಝೆನಿಟ್-ಇ ಜೊತೆ ಸಾಮಾನ್ಯವಾಗಿ ಬರುತ್ತಿದ್ದದ್ದು ಹೀಲಿಯೋಸ್ 44-2 ಎಂಬ ಲೆನ್ಸ್. 58 ಎಂಎಂ, ಎಫ್ 2. ಮೂಲದಲ್ಲಿ ಇದು ಜರ್ಮನಿಯ ಝೈಸ್ ಬಯೋಟಾರ್ ವಿನ್ಯಾಸ. ಸೋವಿಯತ್ ಕಾರ್ಖಾನೆಗಳು ಅದನ್ನು ತಮ್ಮದಾಗಿಸಿಕೊಂಡು ಲಕ್ಷಗಟ್ಟಲೆ ಮಾಡಿದವು. ಲೆನ್ಸಿನ ಮುಂದೆ ಕೆತ್ತಿರುವ ಕ್ರಮಸಂಖ್ಯೆಯ ಮೊದಲ ಎರಡು ಅಂಕಿ ಸಾಮಾನ್ಯವಾಗಿ ತಯಾರಾದ ವರ್ಷ. 78 ಅಂತಿದ್ದರೆ 1978 ಅಂದುಕೊಳ್ಳಿ. ನಿಮ್ಮ ಕ್ಯಾಮೆರಾದಲ್ಲಿ 58 ಎಂಎಂ ನೋಡುವಷ್ಟು ಜಾಗವನ್ನು ಫುಲ್ ಫ್ರೇಮ್‌ನಲ್ಲಿ (35 ಎಂಎಂ ಫಿಲ್ಮಿನಷ್ಟು ದೊಡ್ಡ ಸೆನ್ಸರ್) 87 ಎಂಎಂ ಲೆನ್ಸ್ ನೋಡುತ್ತದೆ. ಅಂದರೆ ಮುಖ, ಎದೆಮಟ್ಟದ ಚಿತ್ರಕ್ಕೆ ಹೇಳಿ ಮಾಡಿಸಿದ ಅಳತೆ.

ಬೆಳಕಿನ ಲೆಕ್ಕ ನೋಡಿ. ಎಫ್ ಅಂಕಿ ಚಿಕ್ಕದಾದಷ್ಟೂ ಲೆನ್ಸಿನ ಕಿಂಡಿ, ಅಂದರೆ ಅಪರ್ಚರ್, ದೊಡ್ಡದು. ಕಿಟ್ ಲೆನ್ಸ್ 50 ಎಂಎಂ ತುದಿಯಲ್ಲಿ ಎಫ್ 5.6 ಮಾತ್ರ ತೆರೆಯುತ್ತದೆ. ಹೀಲಿಯೋಸ್ ಎಫ್ 2ರಲ್ಲಿ ಅದರ ಎಂಟು ಪಟ್ಟು ಬೆಳಕು ಒಳಗೆ ಬಿಡುತ್ತದೆ. ಅಂದರೆ ಅದೇ ಶಟರ್ ವೇಗಕ್ಕೆ ಐಎಸ್‌ಒ (ಕ್ಯಾಮೆರಾ ಬೆಳಕಿಗೆ ಸ್ಪಂದಿಸುವ ಮಟ್ಟ) 6400 ಇದ್ದದ್ದು 800ಕ್ಕೆ ಇಳಿಯುತ್ತದೆ. ಎಫ್ 1.4 ಆದರೆ ಹದಿನಾರು ಪಟ್ಟು, ಐಎಸ್‌ಒ 400. ಬಾಡಿ ಬದಲಿಸಿದರೂ ಇಷ್ಟು ದೊಡ್ಡ ವ್ಯತ್ಯಾಸ ಸಿಗುವುದಿಲ್ಲ. ಕಾಳುಕಾಳಿನ ಸಮಸ್ಯೆಗೆ ಮದ್ದು ಇದೇ.

ಆದರೆ ನೀವು ಕರಾವಳಿಯವರು. ಕಪಾಟಿನಲ್ಲಿ ವರ್ಷಗಟ್ಟಲೆ ಕೂತ ಲೆನ್ಸ್ ಅಂದರೆ ನನಗೆ ಮೊದಲು ನೆನಪಾಗುವುದು ಫಂಗಸ್. ಅಡಾಪ್ಟರ್ ಆರ್ಡರ್ ಮಾಡುವ ಮುಂಚೆ ಇದನ್ನು ನೋಡಿ. ಲೆನ್ಸನ್ನು ಎಡಕ್ಕೆ ತಿರುಗಿಸಿ ಬಿಚ್ಚಿ. ಅದು ಸ್ಕ್ರೂ ಮೌಂಟ್, ಬಾಟಲಿ ಮುಚ್ಚಳದ ಹಾಗೆ ಬಿಚ್ಚಿಕೊಳ್ಳುತ್ತದೆ. ಅಪರ್ಚರ್ ಪೂರ್ತಿ ತೆರೆದು, ಕತ್ತಲೆ ಕೋಣೆಯಲ್ಲಿ ಮೊಬೈಲ್ ಟಾರ್ಚನ್ನು ಹಿಂದಿನಿಂದ ಸ್ವಲ್ಪ ಓರೆಯಾಗಿ ಹಿಡಿದು ಮುಂದಿನಿಂದ ನೋಡಿ. ಜೇಡರ ಬಲೆಯ ಎಳೆಗಳ ಥರ ಕಂಡರೆ ಫಂಗಸ್. ಗಾಜು ಪೂರ್ತಿ ಹಾಲು ಚೆಲ್ಲಿದಂತೆ ಮಬ್ಬಾಗಿದ್ದರೆ ಒಳಗಿನ ಗ್ರೀಸ್ ಆವಿಯಾಗಿ ಕೂತಿದೆ ಅಂತ ಅರ್ಥ. ಅಂಚಿನಲ್ಲಿ ಕಾಮನಬಿಲ್ಲಿನ ಬಣ್ಣದ ಉಂಗುರ ಹೊಳೆದರೆ ಎರಡು ಗಾಜುಗಳನ್ನು ಅಂಟಿಸಿದ ಅಂಟು ಬಿಟ್ಟಿದೆ. ಮೊದಲಿನೆರಡನ್ನು ಲೆನ್ಸ್ ರಿಪೇರಿಯವರು ಬಿಚ್ಚಿ ಒರೆಸಿ ಕೊಡುತ್ತಾರೆ. ಆದರೆ ಫಂಗಸ್ ತುಂಬ ದಿನ ಇದ್ದರೆ ಗಾಜಿನ ಲೇಪವನ್ನೇ ತಿಂದಿರುತ್ತದೆ, ಆ ಗುರುತು ಹೋಗುವುದಿಲ್ಲ. ಮೂರನೆಯದಕ್ಕೆ ಖರ್ಚು ಮಾಡುವುದು ವ್ಯರ್ಥ. ನಾಲ್ಕಾರು ಧೂಳಿನ ಕಣ ಕಂಡರೆ ತಲೆ ಕೆಡಿಸಿಕೊಳ್ಳಬೇಡಿ, ಚಿತ್ರದಲ್ಲಿ ಅವು ಕಾಣುವುದೇ ಇಲ್ಲ.

ಹಾಗೇ ಆ ಕ್ಯಾಮೆರಾದ ಚರ್ಮದ ಕವಚ ಇದ್ದರೆ ಲೆನ್ಸನ್ನು ಅದರಿಂದ ಹೊರಗೆ ತೆಗೆದಿಡಿ. ನೋಡೋಕೆ ಚೆಂದ, ಆದರೆ ಚರ್ಮ ತೇವ ಹಿಡಿದಿಟ್ಟುಕೊಳ್ಳುತ್ತದೆ. ನಿಮ್ಮ ಕಡೆ ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಅದರೊಳಗೆ ಲೆನ್ಸ್ ಇಟ್ಟರೆ ಫಂಗಸ್ ಸಾಕಿದ ಹಾಗೆಯೇ. ರಬ್ಬರ್ ಅಂಚಿರುವ ಗಾಳಿಯಾಡದ ಡಬ್ಬಿ, ಅದರಲ್ಲಿ ಸಿಲಿಕಾ ಜೆಲ್, ಜೊತೆಗೆ ತೇವಾಂಶ ತೋರಿಸುವ ಚಿಕ್ಕ ಮೀಟರ್. ಇಷ್ಟು ಸಾಕು. 40ರಿಂದ 50 ಶೇಕಡಾ ಒಳಗೆ ಇರಲಿ. ಸಿಲಿಕಾ ಜೆಲ್ ಬಣ್ಣ ಬದಲಾದಾಗ ಒಲೆಯ ಮೇಲೆ ಬಾಣಲೆಯಲ್ಲಿ ಸಣ್ಣ ಉರಿಯಲ್ಲಿ ಬಿಸಿ ಮಾಡಿದರೆ ಮತ್ತೆ ಕೆಲಸಕ್ಕೆ ಬರುತ್ತದೆ. ಅಡುಗೆಗೆ ಬಳಸದ ಬಾಣಲೆ ಇಟ್ಟುಕೊಳ್ಳಿ.

ಲೆನ್ಸ್ ಚೆನ್ನಾಗಿದೆ ಅಂತಾದರೆ ಅಡಾಪ್ಟರ್ ವಿಷಯಕ್ಕೆ ಬರೋಣ. ನಿಮ್ಮದರಂಥ, ಒಳಗೆ ಕನ್ನಡಿ ಇಲ್ಲದ ಮಿರರ್‌ಲೆಸ್ ಕ್ಯಾಮೆರಾಗೆ ಹಳೇ ಲೆನ್ಸ್ ಯಾಕೆ ಇಷ್ಟು ಸಲೀಸಾಗಿ ಕೂರುತ್ತದೆ? ಹಳೇ ಎಸ್‌ಎಲ್‌ಆರ್‌ಗಳಲ್ಲಿ ಲೆನ್ಸಿಗೂ ಫಿಲ್ಮಿಗೂ ನಡುವೆ ಕನ್ನಡಿ ಓಡಾಡಬೇಕಿತ್ತು, ಹಾಗಾಗಿ ಅಂತರ ಜಾಸ್ತಿ. ನಿಮ್ಮ ಹೀಲಿಯೋಸ್‌ನ ಎಂ42 (42 ಮಿ.ಮೀ. ಸ್ಕ್ರೂ) ಮೌಂಟಿಗೆ ಆ ಅಂತರ 45.46 ಮಿ.ಮೀ. ಸೋನಿ ಇ ಮೌಂಟಿಗೆ ಬರೀ 18 ಮಿ.ಮೀ. ಉಳಿದ 27.46 ಮಿ.ಮೀ. ಜಾಗ ತುಂಬುವ ಖಾಲಿ ಕೊಳವೆಯೇ ಅಡಾಪ್ಟರ್. ಒಳಗೆ ಗಾಜಿಲ್ಲ, ವೈರಿಲ್ಲ. ಅದಕ್ಕೇ ಅಗ್ಗ. ನಿಕಾನ್ ಎಫ್ ಮೌಂಟಿನ 46.5, ಪೆಂಟಾಕ್ಸ್ ಕೆ 45.46, ಕ್ಯಾನನ್ ಎಫ್‌ಡಿ 42 ಮಿ.ಮೀ., ಎಲ್ಲದಕ್ಕೂ ಇದೇ ಲೆಕ್ಕ. ಮನೆಯಲ್ಲಿ ಹಳೇ ನಿಕಾನ್, ಪೆಂಟಾಕ್ಸ್, ಯಾಶಿಕಾ ಇರುವ ಬೇರೆ ಓದುಗರಿಗೂ ಇದು ಅನ್ವಯಿಸುತ್ತದೆ. ಒಂದೇ ಷರತ್ತು: ಲೆನ್ಸಿನ ಮೇಲೆ ಅಪರ್ಚರ್ ರಿಂಗ್ ಇರಬೇಕು. ಕ್ಯಾನನ್ ಇಎಫ್ ಥರದ ಲೆನ್ಸುಗಳಲ್ಲಿ ಅಪರ್ಚರನ್ನು ಕ್ಯಾಮೆರಾ ವಿದ್ಯುತ್ತಿನಿಂದ ನಡೆಸುತ್ತದೆ, ಖಾಲಿ ಕೊಳವೆ ಹಾಕಿದರೆ ಅದನ್ನು ಬದಲಿಸಲು ಆಗುವುದಿಲ್ಲ.

ಕೊಳವೆ ತಾನೇ ಅಂತ ತೀರಾ ಅಗ್ಗದ್ದು ತರಬೇಡಿ. 58 ಎಂಎಂ ಲೆನ್ಸಿಗೆ ಅಡಾಪ್ಟರ್ 0.1 ಮಿ.ಮೀ. ದಪ್ಪವಾದರೂ ಸಾಕು, ಫೋಕಸ್ ಸುಮಾರು 33 ಮೀಟರ್‌ಗೆ ನಿಂತುಬಿಡುತ್ತದೆ. ಅದರಾಚೆಯ ಗುಡ್ಡ, ಸಮುದ್ರ ಎಲ್ಲ ಮಸುಕು. ಆ ರಗಳೆ ಬೇಡವೆಂದು ತಯಾರಕರು ಬೇಕಂತಲೇ ಕೂದಲೆಳೆಯಷ್ಟು ತೆಳ್ಳಗೆ ಮಾಡುತ್ತಾರೆ. ಆಗ ಅನಂತದ (ಅತಿ ದೂರದ) ಗುರುತು ದಾಟಿ ರಿಂಗ್ ಇನ್ನೂ ಸ್ವಲ್ಪ ತಿರುಗುತ್ತದೆ. ಅದು ದೋಷವಲ್ಲ. ಆದರೆ ಲೆನ್ಸಿನ ಮೇಲಿನ ದೂರದ ಅಂಕಿಗಳನ್ನು ಕಣ್ಣುಮುಚ್ಚಿ ನಂಬುವ ಹಾಗಿಲ್ಲ ಅಂತ ಗೊತ್ತಿರಲಿ. ಇನ್ನೊಂದು ವಿಷಯ, ತೀರಾ ಹಳೇ ಝೆನಿಟ್‌ಗಳಲ್ಲಿ 42 ಅಲ್ಲ, 39 ಮಿ.ಮೀ. ಸ್ಕ್ರೂ ಇರುತ್ತಿತ್ತು. ಸ್ಕೇಲ್ ಹಿಡಿದು ಅಡ್ಡಗಲ ಅಳೆದೇ ಆರ್ಡರ್ ಮಾಡಿ.

ಈಗ ಗೆಳತಿಯ ಲೆನ್ಸ್ ಹಾಕಿದಾಗ ಕ್ಯಾಮೆರಾ ಮುಷ್ಕರ ಹೂಡಿದ್ದು ಯಾಕೆ ಅಂತ ನೋಡೋಣ. ಈ ಲೆನ್ಸುಗಳಲ್ಲಿ ಕ್ಯಾಮೆರಾ ಜೊತೆ ಮಾತಾಡುವ ವಿದ್ಯುತ್ ಸಂಪರ್ಕವೇ ಇಲ್ಲ. ಲೆನ್ಸ್ ಹಾಕಿಯೇ ಇಲ್ಲ ಅಂತ ಕ್ಯಾಮೆರಾ ತಿಳಿದುಕೊಳ್ಳುತ್ತದೆ. ಮೆನುವಿನಲ್ಲಿ 'ರಿಲೀಸ್ ವಿತೌಟ್ ಲೆನ್ಸ್' ಅಂತ ಇದೆ, ಅದನ್ನು 'ಎನೇಬಲ್' ಮಾಡಿ. ಅಷ್ಟೇ. ಫ್ಯೂಜಿಯಲ್ಲಿ ಇದೇ 'ಶೂಟ್ ವಿತೌಟ್ ಲೆನ್ಸ್', ಕ್ಯಾನನ್‌ನಲ್ಲಿ 'ರಿಲೀಸ್ ಶಟರ್ ವಿತೌಟ್ ಲೆನ್ಸ್'.

ಮೆನುವಿನಲ್ಲಿದ್ದಾಗಲೇ ಇನ್ನು ಕೆಲವನ್ನು ಮುಗಿಸಿಬಿಡಿ. ಕ್ಯಾಮೆರಾ ಎ ಮೋಡ್ (ಶಟರ್ ವೇಗ ಕ್ಯಾಮೆರಾದ್ದು) ಅಥವಾ ಎಂ ಮೋಡ್‌ನಲ್ಲಿರಲಿ (ಶಟರ್ ವೇಗವೂ ನಿಮ್ಮದೇ). ಅಪರ್ಚರ್ ನಿಮ್ಮ ಕೈಯಲ್ಲಿದೆ, ಉಳಿದ ಬೆಳಕಿನ ಲೆಕ್ಕವನ್ನು ಕ್ಯಾಮೆರಾ ಎಂದಿನಂತೆ ಮಾಡುತ್ತದೆ. ಕೈಯಲ್ಲಿ ಫೋಕಸ್ ಅಂದರೆ ಎಲ್ಲವನ್ನೂ ಕೈಯಲ್ಲೇ ಮಾಡಬೇಕು ಅಂತ ತುಂಬ ಜನ ಹೆದರುತ್ತಾರೆ, ಹಾಗೇನಿಲ್ಲ. ಆಟೋ ಐಎಸ್‌ಒ ಕೂಡ ನಡೆಯುತ್ತದೆ. ಆದರೆ ಎಷ್ಟು ಎಂಎಂ ಲೆನ್ಸ್ ಅಂತ ಕ್ಯಾಮೆರಾಗೆ ಗೊತ್ತಿಲ್ಲ, ಹಾಗಾಗಿ ಶಟರ್ ವೇಗವನ್ನು ಅದರ ಪಾಡಿಗೆ ಬಿಟ್ಟರೆ ತೀರಾ ನಿಧಾನಕ್ಕೆ ಇಳಿಸುತ್ತದೆ. 'ಐಎಸ್‌ಒ ಆಟೋ ಮಿನಿಮಮ್ ಎಸ್‌ಎಸ್' ಅನ್ನುವಲ್ಲಿ 1/125 ಇಡಿ. ಆಟ ನೋಡಲು ಹೋಗುವಾಗ 1/250ಕ್ಕೆ ಏರಿಸಿ. ಎ6400 ಬಾಡಿಯಲ್ಲಿ ನಡುಕ ತಡೆಯುವ ವ್ಯವಸ್ಥೆ ಇಲ್ಲ, ಈ ಲೆನ್ಸುಗಳಲ್ಲೂ ಇಲ್ಲ. ಅದಕ್ಕೇ ಇದನ್ನು ಒತ್ತಿ ಹೇಳುತ್ತಿದ್ದೇನೆ. ಫೋಕಸ್ ತಪ್ಪಿತು ಅಂತ ತಂದು ತೋರಿಸುವ ಚಿತ್ರಗಳಲ್ಲಿ ಎಷ್ಟೋ ನಿಜಕ್ಕೂ ಕೈ ನಡುಗಿದ ಚಿತ್ರಗಳು. ಹಾಗೇ 'ಇ-ಫ್ರಂಟ್ ಕರ್ಟನ್ ಶಟರ್' ಆಫ್ ಮಾಡಿ. ಬೇರೆ ಕಂಪನಿಯ ಲೆನ್ಸಿನಲ್ಲಿ ಅಪರ್ಚರ್ ದೊಡ್ಡದಾಗಿ ತೆರೆದು ವೇಗದ ಶಟರ್ ಬಳಸಿದಾಗ ಅದರಿಂದ ಹಿನ್ನೆಲೆಯ ಮಸುಕಿನ ಚುಕ್ಕೆಗಳು ಕತ್ತರಿಸಿದಂತೆ ಬರಬಹುದು.

ಇನ್ನು ಫೋಕಸ್. ಇಲ್ಲಿ ಸ್ವಲ್ಪ ಹೊತ್ತು ಕೂರೋಣ.

ಮಿರರ್‌ಲೆಸ್‌ನಲ್ಲಿ ಎರಡು ಸಹಾಯ ಸಿಗುತ್ತವೆ. ಒಂದು ಪೀಕಿಂಗ್: ಚಿತ್ರದಲ್ಲಿ ಎಲ್ಲಿ ಅಂಚುಗಳು ಸ್ಪಷ್ಟವಾಗಿವೆಯೋ ಅಲ್ಲಿ ಬಣ್ಣದ ಗೆರೆ ಮಿನುಗುತ್ತದೆ. ಇನ್ನೊಂದು ಮ್ಯಾಗ್ನಿಫೈಯರ್: ಚಿತ್ರದ ಒಂದು ಭಾಗವನ್ನು ದೊಡ್ಡದಾಗಿ ತೋರಿಸುತ್ತದೆ. ನಿಮ್ಮ ಕ್ಯಾಮೆರಾದಲ್ಲಿ 5.9 ಪಟ್ಟು, ಮತ್ತೆ ಒತ್ತಿದರೆ 11.7 ಪಟ್ಟು. ಹೊಸಬರು ಪೀಕಿಂಗ್ ನೋಡಿ ಖುಷಿಯಾಗಿ ಅದನ್ನೇ ನಂಬಿಬಿಡುತ್ತಾರೆ. ನನ್ನ ಪ್ರಕಾರ ಅದು ಹತ್ತಿರಕ್ಕೆ ಕರೆದುಕೊಂಡು ಹೋಗುತ್ತದೆ, ಮನೆ ಬಾಗಿಲಿಗಲ್ಲ. ಎಫ್ 2ರಲ್ಲಿ ಮೂಗು, ಕಣ್ಣು, ಕಿವಿ ಮೂರಕ್ಕೂ ಗೆರೆ ಬಂದಿರುತ್ತದೆ. ಆಮೇಲೆ ಕಂಪ್ಯೂಟರಿನಲ್ಲಿ ನೋಡಿದರೆ ಸ್ಪಷ್ಟವಾಗಿರುವುದು ಕಿವಿ ಮಾತ್ರ. ಪೀಕಿಂಗ್ ಲೆವೆಲ್ 'ಲೋ' ಇಡಿ, ಸುಳ್ಳು ಗೆರೆ ಕಡಿಮೆಯಾಗುತ್ತದೆ. ಬಣ್ಣ ಬಿಳಿ ಇಟ್ಟುಕೊಳ್ಳಿ, ಯಾಕೆಂದರೆ ಯಕ್ಷಗಾನದ ವೇಷದಲ್ಲಿ ಕೆಂಪು ಹಳದಿ ಎರಡೂ ತುಂಬಿರುತ್ತವೆ, ಆ ಬಣ್ಣದ ಗೆರೆ ಅಲ್ಲಿ ಕಾಣುವುದೇ ಇಲ್ಲ. ಇಲ್ಲದಿದ್ದರೆ ರಾ ಫೈಲಿನಲ್ಲಿ (ಸೆನ್ಸರ್ ಕಂಡದ್ದನ್ನು ಹಾಗೇ ಉಳಿಸುವ ಫೈಲ್) ತೆಗೆಯುತ್ತಾ ಕ್ರಿಯೇಟಿವ್ ಸ್ಟೈಲನ್ನು ಕಪ್ಪು-ಬಿಳುಪು ಮಾಡಿ, ಕೆಂಪು ಪೀಕಿಂಗ್ ಇಡಿ. ನೋಡುವಾಗ ಬೂದು ಚಿತ್ರದ ಮೇಲೆ ಕೆಂಪು ಗೆರೆ ಎದ್ದು ಕಾಣುತ್ತದೆ, ರಾ ಫೈಲಿನಲ್ಲಿ ಬಣ್ಣ ಹಾಗೇ ಇರುತ್ತದೆ.

ಮ್ಯಾಗ್ನಿಫೈಯರ್ ಮಾತ್ರ ಕೊನೆಯ ತೀರ್ಪು. ಕಿಟ್ ಲೆನ್ಸ್ ಹಾಕಿ ಮ್ಯಾನುಯಲ್ ಫೋಕಸ್‌ನಲ್ಲಿಟ್ಟಾಗ ರಿಂಗ್ ತಿರುಗಿಸಿದರೆ ತಾನಾಗೇ ಚಿತ್ರ ದೊಡ್ಡದಾಗುತ್ತದಲ್ವಾ, ಈ ಲೆನ್ಸಿನಲ್ಲಿ ಹಾಗಾಗದು. ರಿಂಗ್ ತಿರುಗಿದ್ದೇ ಕ್ಯಾಮೆರಾಗೆ ಗೊತ್ತಾಗುವುದಿಲ್ಲ. 'ಫೋಕಸ್ ಮ್ಯಾಗ್ನಿಫೈಯರ್' ಅನ್ನು ಸಿ1 ಬಟನ್‌ಗೆ ಕೊಟ್ಟುಬಿಡಿ, ಸಮಯದ ಮಿತಿಯನ್ನು 'ನೋ ಲಿಮಿಟ್' ಮಾಡಿ. ಒತ್ತಿ, ಕಣ್ಣಿನ ರೆಪ್ಪೆಯ ಮೇಲೆ ಫೋಕಸ್ ಕೂರಿಸಿ, ಶಟರ್ ಅರ್ಧ ಒತ್ತಿ ಪೂರ್ತಿ ಚಿತ್ರಕ್ಕೆ ವಾಪಸ್ ಬನ್ನಿ, ಕ್ಲಿಕ್ ಮಾಡಿ. ಶುರುವಿನಲ್ಲಿ ಇದು ಆಮೆವೇಗ ಅನಿಸುತ್ತದೆ. ಬೆರಳಿಗೆ ಅಭ್ಯಾಸವಾದ ಮೇಲೆ ಗಮನಕ್ಕೇ ಬರುವುದಿಲ್ಲ. ಹಿಂದಿನ ಪರದೆ ಬಿಟ್ಟು ವ್ಯೂಫೈಂಡರ್‌ಗೇ ಕಣ್ಣಿಡಿ. ಹುಬ್ಬಿಗೆ ಕ್ಯಾಮೆರಾ ಒತ್ತಿಕೊಂಡರೆ ಕೈಯೂ ಗಟ್ಟಿ. ಅದರ ಪಕ್ಕದ ಚಿಕ್ಕ ಗಾಲಿ ತಿರುಗಿಸಿ ಮೆನುವಿನ ಅಕ್ಷರ ಚೂಪಾಗಿ ಕಾಣುವ ಹಾಗೆ ಮಾಡಿಕೊಳ್ಳಿ. ಕನ್ನಡಕದ ನಂಬರ್ ಇರುವವರು ಇದನ್ನು ಮರೆತು ಲೆನ್ಸನ್ನು ಬೈಯುತ್ತಾರೆ.

ಹೀಲಿಯೋಸ್ 44-2ರಲ್ಲಿ ಅಪರ್ಚರ್‌ಗೆ ಎರಡು ರಿಂಗ್ ಇವೆ, ಗಾಬರಿಯಾಗಬೇಡಿ. ಒಂದು ಕಟಕಟ ಅಂತ ಅಂಕಿಗಳ ಮೇಲೆ ನಿಲ್ಲುತ್ತದೆ, ಅದರಲ್ಲಿ ನಿಮಗೆ ಬೇಕಾದ ಅಪರ್ಚರ್, ಉದಾಹರಣೆಗೆ 4, ಆರಿಸಿಡಬೇಕು. ಇನ್ನೊಂದು ಸದ್ದಿಲ್ಲದೆ ತಿರುಗುತ್ತದೆ. ಅದನ್ನು ಪೂರ್ತಿ ತೆರೆದು ಫೋಕಸ್ ಮಾಡುವುದು, ಆಮೇಲೆ ನೋಡದೆಯೇ ತಿರುಗಿಸಿದರೆ 4ಕ್ಕೆ ಬಂದು ತಡೆಯುತ್ತದೆ. ಪೂರ್ತಿ ತೆರೆದಾಗ ಸ್ಪಷ್ಟವಾಗಿರುವ ಪದರ ತೆಳ್ಳಗಿರುವುದರಿಂದ ಸರಿಯಾದ ಜಾಗ ಸುಲಭವಾಗಿ ಸಿಗುತ್ತದೆ. ಮುಚ್ಚಿ ಫೋಕಸ್ ಮಾಡಿದರೆ ಎಲ್ಲ ಕಡೆ ಗೆರೆ ಮಿನುಗಿ ಏನೂ ತಿಳಿಯುವುದಿಲ್ಲ.

ಆ ಪದರ ಎಷ್ಟು ತೆಳ್ಳಗೆ ಅಂತ ಅಂದಾಜಿರಬೇಕು. ನಿಮ್ಮ ಕ್ಯಾಮೆರಾದಲ್ಲಿ 58 ಎಂಎಂ, ಎಫ್ 2, ಎರಡು ಮೀಟರ್ ದೂರ ಅಂದರೆ ಸುಮಾರು 9 ಸೆಂ.ಮೀ. ಒಂದೇ ಮೀಟರ್‌ಗೆ ಬಂದರೆ ಎರಡು ಸೆಂ.ಮೀ. ಮೇಲೆ ಚೂರು. ಉಸಿರಾಡಿದರೂ ಫೋಕಸ್ ಜಾರುವಷ್ಟು. ಅಷ್ಟು ಹತ್ತಿರದಲ್ಲಿ ರಿಂಗ್ ತಿರುಗಿಸುತ್ತಾ ಕೂರಬೇಡಿ. ಅಂದಾಜಿಗೆ ಕೂರಿಸಿ, ಮೈಯನ್ನು ಒಂದು ಚೂರು ಮುಂದಕ್ಕೆ ವಾಲಿಸಿ, ವಾಲುವಾಗಲೇ ಮೂರ್ನಾಲ್ಕು ಚಿತ್ರ ಒಂದೇ ಸಮ ತೆಗೆಯಿರಿ. ಒಂದಾದರೂ ಸಿಗುತ್ತದೆ. ಫಿಲ್ಮಿನ ಕಾಲದವರಿಗೆ ಈ ಐಷಾರಾಮ ಇರಲಿಲ್ಲ.

ಈಗ ಯಕ್ಷಗಾನ. ಕೈಯಲ್ಲಿ ಫೋಕಸ್ ಮಾಡುವ ಲೆನ್ಸಿಗೆ ಒಂದು ಸ್ವಭಾವ ಇದೆ: ದೂರ ಮೊದಲೇ ಗೊತ್ತಿದ್ದ ಕಡೆ ಅದು ಯಾವ ಆಟೋಫೋಕಸ್‌ಗೂ ಕಮ್ಮಿ ಇಲ್ಲ, ದೂರ ಬದಲಾಗುತ್ತಲೇ ಇರುವ ಕಡೆ ಉಪಯೋಗವಿಲ್ಲ. ಹಾಗೆ ನೋಡಿದರೆ ಹೀಲಿಯೋಸ್‌ಗೆ ಒಳ್ಳೇ ಜಾಗ ರಂಗಸ್ಥಳಕ್ಕಿಂತ ಚೌಕಿ, ಅಂದರೆ ವೇಷ ಕಟ್ಟುವ ಕೋಣೆ. ಕಲಾವಿದರು ಕನ್ನಡಿ ಮುಂದೆ ಕೂತು ಮುಖವರ್ಣಿಕೆ ಮಾಡಿಕೊಳ್ಳುತ್ತಿರುತ್ತಾರೆ, ಕದಲುವುದಿಲ್ಲ, ಬೆಳಕು ಹತ್ತಿರದಲ್ಲೇ ಇರುತ್ತದೆ. ಒಂದೂವರೆ ಮೀಟರ್ ದೂರದಿಂದ ಎಫ್ 2.8 ಇಟ್ಟರೆ ಸ್ಪಷ್ಟವಾಗಿ ಕಾಣುವ ಪದರಕ್ಕೆ ಏಳು ಸೆಂ.ಮೀ. ಆಳ ಸಿಗುತ್ತದೆ. ಹುಬ್ಬಿನ ಗೆರೆ ಎಳೆಯುವ ಕಡ್ಡಿ, ಕಣ್ಣು ಎರಡೂ ಅದರೊಳಗೆ ಬರುತ್ತವೆ. ಮೊದಲು ಮಾತಾಡಿಸಿ, ಕೇಳಿ, ಆಮೇಲೆ ಕ್ಯಾಮೆರಾ ಎತ್ತಿ. ಕನ್ನಡಿಯಲ್ಲಿನ ಪ್ರತಿಬಿಂಬ ತೆಗೆಯುವುದಾದರೆ ನೆನಪಿಡಿ, ಫೋಕಸ್ ಕನ್ನಡಿಯ ಮೇಲಲ್ಲ. ನಿಮ್ಮಿಂದ ಕನ್ನಡಿಗೆ, ಕನ್ನಡಿಯಿಂದ ಮುಖಕ್ಕೆ, ಎರಡೂ ದೂರ ಸೇರಿಸಿದಷ್ಟು.

ರಂಗಸ್ಥಳದಲ್ಲಿ ಅರ್ಥ ಹೇಳುವ, ಅಂದರೆ ಮಾತುಗಾರಿಕೆಯ ಹೊತ್ತು ನಿಮ್ಮದು. ವೇಷ ಒಂದೇ ಕಡೆ ನಿಂತಿರುತ್ತದೆ, ಕಣ್ಣು ಕೈ ಮಾತ್ರ ಆಡುತ್ತವೆ. ಮ್ಯಾಗ್ನಿಫೈಯರ್‌ನಲ್ಲಿ ಮುಖ ಹಿಡಿದು ಧಾರಾಳವಾಗಿ ತೆಗೆಯಿರಿ. ಪ್ರವೇಶ, ಕುಣಿತ, ಗಿರಕಿ ಬಂದಾಗ ಮುಖದ ಹಿಂದೆ ರಿಂಗ್ ಓಡಿಸಲು ಹೋಗಬೇಡಿ, ಸೋಲುತ್ತೀರಿ. ಅಲ್ಲಿ ಉಪಾಯ ಬೇರೆ. ರಂಗದ ಮೇಲೆ ಒಂದು ಜಾಗ ಆರಿಸಿ, ರಥದ (ವೇಷಧಾರಿ ಕೂರುವ ಪೀಠ) ಮುಂದೆ ಅಂತಿಟ್ಟುಕೊಳ್ಳಿ, ಅಲ್ಲಿಗೆ ಫೋಕಸ್ ಕಟ್ಟಿ, ವೇಷ ಅಲ್ಲಿಗೆ ಬರುವುದನ್ನು ಕಾಯಿರಿ. ಇದಕ್ಕೆ 58ಕ್ಕಿಂತ 35 ಎಂಎಂ ಸಲೀಸು. ಐದು ಮೀಟರ್‌ಗೆ ಫೋಕಸ್ ಕಟ್ಟಿ ಎಫ್ 2.8 ಇಟ್ಟರೆ ಸುಮಾರು 4ರಿಂದ ಆರೂವರೆ ಮೀಟರ್‌ವರೆಗೆ ಎಲ್ಲ ಸ್ಪಷ್ಟ. ಅಂದರೆ ರಂಗದ ದೊಡ್ಡ ಭಾಗ ಒಳಗೆ ಬಂತು. ಅದೇ 58 ಎಂಎಂನಲ್ಲಿ ಆರು ಮೀಟರ್ ದೂರಕ್ಕೆ ಸಿಗುವ ಆಳ ಬರೀ ಒಂದೂಕಾಲು ಮೀಟರ್. ಭಾಗವತರ ಪದ, ಚೆಂಡೆಯ ಪೆಟ್ಟು ನಿಮಗೆ ಪರಿಚಯವಾದ್ದರಿಂದ ವೇಷ ಯಾವಾಗ ಮುಂದೆ ಬರುತ್ತದೆ, ಯಾವಾಗ ನಿಲ್ಲುತ್ತದೆ ಅನ್ನುವುದು ಮೊದಲೇ ಗೊತ್ತಿರುತ್ತದೆ. ಆ ವಿಷಯದಲ್ಲಿ ನಿಮ್ಮ ಕ್ಯಾಮೆರಾಗಿಂತ ನೀವೇ ಮುಂದೆ.

ಹಿಂದೆ ಕತ್ತಲೆ ಇರುವುದರಿಂದ ಕ್ಯಾಮೆರಾ ಮೋಸ ಹೋಗಿ ಮುಖವನ್ನು ಬಿಳಿಚಿಸುತ್ತದೆ. ಎಕ್ಸ್‌ಪೋಷರ್ ಒಂದು ಸ್ಟಾಪ್, ಅಂದರೆ ಅರ್ಧದಷ್ಟು ಬೆಳಕು, ಇಳಿಸಿ. ಸೈಲೆಂಟ್ ಶಟರ್ ಮಾತ್ರ ಬೇಡ, ಎಲ್‌ಇಡಿ ದೀಪದ ಕೆಳಗೆ ಚಿತ್ರದಲ್ಲಿ ಅಡ್ಡ ಪಟ್ಟೆ ಬರುತ್ತವೆ.

ಕಿರೀಟದ ಬೇಗಡೆ, ಎದೆಕಟ್ಟಿನ ಹೊಳಪು ಇದೆಯಲ್ಲ, ಅಗ್ಗದ ಲೆನ್ಸಿನ ನಿಜವಾದ ಪರೀಕ್ಷೆ ಅಲ್ಲಿ ನಡೆಯುತ್ತದೆ. ಎಫ್ 1.4ರಲ್ಲಿ ಪೂರ್ತಿ ತೆರೆದಾಗ ಹೊಳೆಯುವ ಪ್ರತಿ ಚುಕ್ಕೆಯ ಸುತ್ತ ಮಂಜಿನಂಥ ಪ್ರಭೆ, ಅದರಂಚಿಗೆ ನೇರಳೆ ಬಣ್ಣ. ಕೆಲವರಿಗೆ ಅದು ಇಷ್ಟ, ಕನಸಿನ ಹಾಗಿದೆ ಅನ್ನುತ್ತಾರೆ. ನನಗೆ ಯಕ್ಷಗಾನದಲ್ಲಿ ಅದು ಹಿಡಿಸುವುದಿಲ್ಲ, ವೇಷದ ಕೆತ್ತನೆ ಕರಗಿಹೋಗುತ್ತದೆ. ಎಫ್ 2ಕ್ಕೆ ಬಂದರೆ ಪ್ರಭೆ ಬಹಳಷ್ಟು ಇಳಿಯುತ್ತದೆ, 2.8ರಲ್ಲಿ ಚಿತ್ರದ ನಡುಭಾಗ ಚೂಪಾಗುತ್ತದೆ. ಹಾಗಾಗಿ ಎಫ್ 1.4 ಅಂತ ಕೊಂಡರೂ ರಂಗದ ಮುಂದೆ ಅದನ್ನು ಎಫ್ 2 ಲೆನ್ಸ್ ಅಂತಲೇ ಎಣಿಸಿ. ಆಗಲೂ ಕಿಟ್‌ಗಿಂತ ಎಂಟು ಪಟ್ಟು ಬೆಳಕು. ಹೀಲಿಯೋಸ್ ಕೂಡ ಹೀಗೇ. ಜೊತೆಗೆ ಅದರ ಲೇಪ ಹಳೆಯದು, ಎದುರಿಗೆ ದೀಪ ಬಂದರೆ ಇಡೀ ಚಿತ್ರ ಬಿಳಿಚುತ್ತದೆ. ಒಂದು ರಬ್ಬರ್ ಹುಡ್ ಹಾಕಿ, ಇಲ್ಲವೇ ದೀಪ ಚೌಕಟ್ಟಿನಿಂದ ಆಚೆ ಹೋಗುವ ಹಾಗೆ ಎರಡು ಹೆಜ್ಜೆ ಪಕ್ಕಕ್ಕೆ ನಿಲ್ಲಿ.

ಹೀಲಿಯೋಸ್ ಹಿನ್ನೆಲೆಯನ್ನು ಸುಳಿಸುಳಿಯಾಗಿ ತಿರುಗಿಸುತ್ತದೆ ಅಂತ ನೀವು ಕೇಳಿರಬಹುದು. ನಿಜ. ಆದರೆ ಆ ಸುಳಿ ಚಿತ್ರದ ಅಂಚಿನಲ್ಲಿ ಜಾಸ್ತಿ, ಮತ್ತು ಫುಲ್ ಫ್ರೇಮ್‌ಗಿಂತ ಚಿಕ್ಕದಾದ ನಿಮ್ಮ ಎಪಿಎಸ್-ಸಿ ಸೆನ್ಸರ್ ಆ ಅಂಚನ್ನೇ ಕತ್ತರಿಸಿಬಿಡುತ್ತದೆ. ಎಲೆಗಳ ನಡುವೆ ಬಿಸಿಲು ತೂರುವ ಕಡೆ, ಅಡಿಕೆ ತೋಟದಲ್ಲಿ ಅಂತಿಟ್ಟುಕೊಳ್ಳಿ, ಎಫ್ 2ರಲ್ಲಿ ಹತ್ತಿರದಿಂದ ತೆಗೆದರೆ ಸ್ವಲ್ಪ ಕಾಣಿಸುತ್ತದೆ. ಯೂಟ್ಯೂಬಿನಲ್ಲಿ ತೋರಿಸುವಷ್ಟು ನಿರೀಕ್ಷೆ ಮಾಡಬೇಡಿ.

ಮಗನ ವಿಷಯಕ್ಕೆ ಬರುತ್ತೇನೆ. ಇಲ್ಲಿ ನೇರವಾಗಿ ಹೇಳಬೇಕು. ಮೂರು ವರ್ಷದ ಹುಡುಗ ಓಡಾಡುವಾಗ ಮ್ಯಾನುಯಲ್ ಲೆನ್ಸಿನಲ್ಲಿ ಎಫ್ 1.4 ಅಥವಾ 2 ಇಟ್ಟು ತೆಗೆಯುವುದು ತಲೆನೋವು. 35 ಎಂಎಂ, ಎಫ್ 1.4, ಒಂದೂವರೆ ಮೀಟರ್ ಅಂದರೆ ಸಿಗುವ ಆಳ ಹತ್ತು ಸೆಂ.ಮೀ. ಮಗು ಒಂದು ಹೆಜ್ಜೆ ಇಟ್ಟರೆ ಮುಗಿಯಿತು. ಊಟ ಮಾಡುವಾಗ, ಚಿತ್ರ ಬರೆಯುವಾಗ, ನಿದ್ದೆ ಬಂದು ಮಡಿಲಲ್ಲಿ ಕೂತಾಗ ಹೀಲಿಯೋಸ್ ಬೇಕಾದಷ್ಟು ಚೆನ್ನಾಗಿ ಬರುತ್ತದೆ. ಆಡುವಾಗ ಕಿಟ್ ಲೆನ್ಸೇ ಇರಲಿ. ಎ6400ರ ಕಣ್ಣು ಹಿಡಿಯುವ ಆಟೋಫೋಕಸ್ ತುಂಬ ಒಳ್ಳೆಯದು, ಅದಕ್ಕೆ ದುಡ್ಡು ಕೊಟ್ಟಿದ್ದೀರಿ, ಸುಮ್ನೆ ಯಾಕೆ ಬಿಡಬೇಕು? ಆ ಬಟ್ಟೆ ಹಗ್ಗದ ಸಮಸ್ಯೆಗೆ ಲೆನ್ಸ್ ಬೇಕಿಲ್ಲ. 50 ಎಂಎಂ ತುದಿಗೆ ಜೂಮ್ ಮಾಡಿ, ಮಗುವಿನ ಹತ್ತಿರ ಹೋಗಿ, ಮಗುವನ್ನು ಗೋಡೆಯಿಂದ ನಾಲ್ಕೈದು ಮೀಟರ್ ಮುಂದೆ ತನ್ನಿ. ಎಫ್ 5.6ರಲ್ಲೂ ಹಗ್ಗ ಸಾಕಷ್ಟು ಕರಗುತ್ತದೆ.

ಹಾಗಾದರೆ 35 ಎಂಎಂ ಕೊಳ್ಳಬೇಕೋ ಬೇಡವೋ? ಕೆಲ ವರ್ಷದ ಹಿಂದೆ ಆಗಿದ್ದರೆ ಕಣ್ಣುಮುಚ್ಚಿ ಹೂಂ ಅನ್ನುತ್ತಿದ್ದೆ. ಸೆವೆನ್ ಆರ್ಟಿಸನ್ಸ್, ಟಿಟಿ ಆರ್ಟಿಸನ್, ಮೈಕೆ ಈ ಚೀನೀ ಕಂಪನಿಗಳ ಮ್ಯಾನುಯಲ್ ಲೆನ್ಸುಗಳು ಅಗ್ಗವಾಗಿರುವುದು ಗಾಜು ಕಳಪೆ ಅಂತಲ್ಲ. ಒಳಗೆ ಮೋಟಾರಿಲ್ಲ, ಚಿಪ್ಪಿಲ್ಲ, ನಡುಕ ತಡೆಯುವ ಯಂತ್ರವಿಲ್ಲ. ಲೋಹದ ಮೈ, ಗಾಜು, ಎರಡು ರಿಂಗ್, ಮುಗೀತು. ಕೆಟ್ಟುಹೋಗುವಂಥದ್ದೂ ಕಡಿಮೆ. ಆದರೆ ಈಗ ಅದೇ ಟಿಟಿ ಆರ್ಟಿಸನ್, ವಿಲ್ಟ್ರಾಕ್ಸ್ ಅವರು ಆಟೋಫೋಕಸ್ ಇರುವ 35 ಎಂಎಂ ಲೆನ್ಸುಗಳನ್ನೇ ಕಡಿಮೆ ಬೆಲೆಗೆ ತಂದಿದ್ದಾರೆ, ಒಂದು ಎಫ್ 1.8, ಇನ್ನೊಂದು ಎಫ್ 1.7. ಮ್ಯಾನುಯಲ್‌ಗಿಂತ ದುಬಾರಿ ನಿಜ, ಆದರೆ ಸೋನಿಯದ್ದರ ಬೆಲೆಯ ಹತ್ತಿರಕ್ಕೂ ಬರುವುದಿಲ್ಲ. ಒಂದೇ ಲೆನ್ಸ್‌ನಲ್ಲಿ ಮಗನೂ ಆಟವೂ ಎರಡೂ ಆಗಬೇಕು ಅಂದರೆ ಇನ್ನೊಂದಿಷ್ಟು ತಿಂಗಳು ಕಾಯ್ದು ಆಟೋಫೋಕಸ್‌ದೇ ತಗೊಳ್ಳಿ. ಹೀಲಿಯೋಸ್ ಜೊತೆ ಕೆಲವು ವಾರ ಕಳೆದು ರಿಂಗ್ ತಿರುಗಿಸುವುದೇ ಖುಷಿ ಕೊಟ್ಟಿತು, ಚೌಕಿ, ರಂಗಸ್ಥಳವೇ ಮುಖ್ಯ ಅನಿಸಿತು ಅಂದರೆ ಮ್ಯಾನುಯಲ್ 35 ಸರಿಯಾದ ಆಯ್ಕೆ. 50 ಎಂಎಂ ಎಫ್ 1.2 ಅಂತ ಜಾಹೀರಾತು ಕಂಡರೆ ಮರುಳಾಗಬೇಡಿ. 58 ಇದ್ದವರಿಗೆ 50 ಬೇಡ.

ಹಗಲು ಹೊತ್ತಿನಲ್ಲಿ ಎಫ್ 1.4 ಪೂರ್ತಿ ತೆರೆದು ತೆಗೆಯುವ ಆಸೆ ಇದ್ದರೆ ಒಂದು ಮಾತು. ನಡುಮಧ್ಯಾಹ್ನದ ಬಿಸಿಲಿಗೆ ಐಎಸ್‌ಒ 100ರಲ್ಲಿ ಸುಮಾರು 1/12800 ಶಟರ್ ಬೇಕಾಗುತ್ತದೆ. ನಿಮ್ಮ ಕ್ಯಾಮೆರಾದ ಮಿತಿ 1/4000. ಎಫ್ 2.8ಕ್ಕೆ ಇಳಿಸಬೇಕು, ಇಲ್ಲದಿದ್ದರೆ ಬೆಳಕು ತಗ್ಗಿಸುವ ಎನ್‌ಡಿ ಫಿಲ್ಟರ್ ಹಾಕಬೇಕು. ಸಂತೆ, ಜಾತ್ರೆ, ತೇರು ಇಂಥ ಕಡೆ ಬೇರೆ ದಾರಿ ಇದೆ: 35 ಎಂಎಂ, ಎಫ್ 8, ಮೂರು ಮೀಟರ್‌ಗೆ ಫೋಕಸ್ ಕಟ್ಟಿಬಿಡಿ. ಸುಮಾರು 2.2ರಿಂದ 4.9 ಮೀಟರ್‌ವರೆಗೆ ಎಲ್ಲವೂ ಸ್ಪಷ್ಟ. ರಿಂಗ್ ಮುಟ್ಟುವುದೇ ಬೇಡ, ಎತ್ತಿ ಕ್ಲಿಕ್ ಮಾಡುವುದು. ಮೂರು ಮೀಟರ್ ಎಲ್ಲಿ ಬರುತ್ತದೆ ಅಂತ ಲೆನ್ಸಿನ ಅಂಕಿ ನಂಬದೆ ನೀವೇ ಗುರುತು ಮಾಡಿಕೊಳ್ಳಿ. ಅಂಗಳದಲ್ಲಿ ಟೇಪ್ ಹಿಡಿದು ಒಂದೂವರೆ, ಮೂರು, ಐದು ಮೀಟರ್‌ಗೆ ದಿನಪತ್ರಿಕೆ ನಿಲ್ಲಿಸಿ, 11.7 ಪಟ್ಟು ದೊಡ್ಡದು ಮಾಡಿ ಅಕ್ಷರಕ್ಕೆ ಫೋಕಸ್ ಕೂರಿಸಿ, ರಿಂಗಿನ ಮೇಲೆ ಉಗುರುಬಣ್ಣದ ಚುಕ್ಕೆ ಇಡಿ. ಮೂರು ದೂರಕ್ಕೆ ಮೂರು ಬಣ್ಣ ಇದ್ದರೆ ಒಳ್ಳೆಯದು.

ಹೊಸ ಲೆನ್ಸ್ ಆರ್ಡರ್ ಮಾಡುವಾಗ ಮೌಂಟ್ 'ಸೋನಿ ಇ' ಅಂತಲೇ ಇದೆಯಾ ನೋಡಿ. ಒಂದೇ ಲೆನ್ಸ್ ಫ್ಯೂಜಿ, ನಿಕಾನ್, ಕ್ಯಾನನ್‌ಗೂ ಒಂದೇ ಪುಟದಲ್ಲಿ ಮಾರುತ್ತಾರೆ, ತಪ್ಪಾಗುವುದು ಅಲ್ಲೇ. ವಾಪಸ್ ಮಾಡುವ ಅವಕಾಶ ಇರುವ ಮಾರಾಟಗಾರರಿಂದಲೇ ತಗೊಳ್ಳಿ, ಯಾಕೆಂದರೆ ಈ ಬೆಲೆಯಲ್ಲಿ ಒಂದು ತುಂಡು ಇದ್ದ ಹಾಗೆ ಇನ್ನೊಂದು ಇರುವುದಿಲ್ಲ. ಕೈಗೆ ಬಂದ ದಿನವೇ ಮೂರು ಪರೀಕ್ಷೆ ಮಾಡಿ. ರಾತ್ರಿ ತುಂಬ ದೂರದ ಬೀದಿದೀಪಕ್ಕೆ ಫೋಕಸ್ ಮಾಡಿ, ಅದು ಚಿಕ್ಕ ಚುಕ್ಕೆಯಾಗಿ ನಿಂತರೆ ಅನಂತ ಸಿಗುತ್ತಿದೆ. ಅದೇ ದೀಪವನ್ನು ಎಫ್ 4ರಲ್ಲಿ ನಾಲ್ಕು ಮೂಲೆಗೂ ಒಂದೊಂದು ಸಲ ತಂದು, ಪ್ರತಿ ಸಲ ಫೋಕಸ್ ಮುಟ್ಟದೆ ತೆಗೆಯಿರಿ. ಮೂರು ಮೂಲೆಯಲ್ಲಿ ಚುಕ್ಕೆ ಒಂದೇ ಥರ ಇದ್ದು ನಾಲ್ಕನೆಯದರಲ್ಲಿ ಮಾತ್ರ ಬಾಲ ಬಂದಿದ್ದರೆ ಒಳಗಿನ ಗಾಜು ಓರೆಯಾಗಿ ಕೂತಿದೆ, ಅದನ್ನು ಇಟ್ಟುಕೊಳ್ಳಬೇಡಿ. ಕೊನೆಗೆ ಲೆನ್ಸ್ ಹಾಕಿ ಮೆಲ್ಲಗೆ ಅಲ್ಲಾಡಿಸಿ ನೋಡಿ. ಮೌಂಟಿನಲ್ಲಿ ಕೂದಲಷ್ಟು ಆಟ ಇರುವುದು ಸಹಜ, ಟಕ್ ಟಕ್ ಅಂದರೆ ಹಿಂದಿನ ಸಣ್ಣ ಸ್ಕ್ರೂಗಳು ಸಡಿಲ. ಅವನ್ನು ಗಡಿಯಾರದ ಸ್ಕ್ರೂಡ್ರೈವರಿನಿಂದ ನೀವೇ ಬಿಗಿ ಮಾಡಬಹುದು, ವಾಪಸ್ ಕಳಿಸುವಂಥ ದೋಷವೇನಲ್ಲ.